ಫಿಲಿಪೀನ್ಸ್ ಸ್ವಾತಂತ್ರ್ಯ ದಿನ ಜೂನ್ 12 ಅಥವಾ ಜುಲೈ 4? ಗೊತ್ತಿದ್ದವರು ಹೇಳಿ

ಕಡಲೂರು

ಎಲ್ಲರಿಗೂ ನಮಸ್ಕಾರ. ನಾನು ದುಬೈನಲ್ಲಿ ಒಂದು ಲ್ಯಾಬಿನಲ್ಲಿ ಕೆಲಸ ಮಾಡುತ್ತೇನೆ. ಜೊತೆಗಿರುವವರಲ್ಲಿ ಅರ್ಧಕ್ಕರ್ಧ ಜನ ಫಿಲಿಪೀನ್ಸ್‌ನವರು. ಪ್ರತಿ ಜೂನ್ 12ಕ್ಕೆ ಸ್ವಾತಂತ್ರ್ಯ ದಿನ ಅಂತ ಊಟ, ಹಾಡು, ಬಾವುಟ ಎಲ್ಲ ಇರುತ್ತದೆ. ಆದರೆ ಪರೀಕ್ಷೆಗಳಿಗೆ ಓದುವಾಗ ನಾವು ಬಾಯಿಪಾಠ ಮಾಡಿದ್ದು 1946ರ ಜುಲೈ 4, ಅಮೆರಿಕದಿಂದ ಸ್ವಾತಂತ್ರ್ಯ ಅಂತ. ಇದರಲ್ಲಿ ಯಾವುದು ಸರಿ?

ಇನ್ನೊಂದು ಪ್ರಶ್ನೆ. ಅವರ ಅಡ್ಡಹೆಸರೆಲ್ಲ ಸಾಂತೋಸ್, ರೇಯೆಸ್, ಗಾರ್ಸಿಯಾ. ಅವರೆಲ್ಲ ಸ್ಪೇನಿನ ಮೂಲದವರಾ? ಅವರನ್ನೇ ಕೇಳೋಣ ಅಂದರೆ ಸಂಕೋಚ.

ತುಂಗಾತೀರ

ಕಡಲೂರು ಅವರೇ, ಅಡ್ಡಹೆಸರಿನಿಂದಲೇ ಶುರು ಮಾಡುತ್ತೇನೆ. ಪರಕೀಯರ ಆಡಳಿತ ಮನೆಯೊಳಗೆ ಎಷ್ಟು ದೂರ ಬರುತ್ತದೆ ಅನ್ನೋದು ಅಲ್ಲೇ ಕಾಣುತ್ತದೆ.

ಬಹುಪಾಲು ಜನಕ್ಕೆ ಸ್ಪೇನಿನ ಜೊತೆ ರಕ್ತಸಂಬಂಧ ಏನೂ ಇಲ್ಲ. ಆ ಹೆಸರುಗಳನ್ನು ಸರ್ಕಾರ ಹಂಚಿದ್ದು. 1849ರ ನವೆಂಬರಿನಲ್ಲಿ ಗವರ್ನರ್ ಜನರಲ್ ನಾರ್ಸಿಸೋ ಕ್ಲಾವೆರಿಯಾ ಒಂದು ಆಜ್ಞೆ ಹೊರಡಿಸಿದ. ಅಲ್ಲಿಯವರೆಗೆ ಎಷ್ಟೋ ಜನಕ್ಕೆ ಮನೆತನದ ಹೆಸರು ಅಂತ ಇರಲಿಲ್ಲ. ಕ್ರೈಸ್ತರಾದಾಗ ಸಂತರ ಹೆಸರು ಇಟ್ಟುಕೊಳ್ಳುತ್ತಿದ್ದರು. ಅಣ್ಣನದು ಒಂದು ಹೆಸರಾದರೆ ತಮ್ಮನದು ಇನ್ನೊಂದು. ಯಾರು ಯಾರ ಮಗ, ಯಾರು ತೆರಿಗೆ ಕಟ್ಟಿದ್ದಾರೆ, ಯಾರು ಊರು ಬಿಟ್ಟು ಹೋಗಿದ್ದಾರೆ ಅಂತ ಲೆಕ್ಕ ಇಡೋಕೆ ಅಧಿಕಾರಿಗಳಿಗೆ ಆಗುತ್ತಿರಲಿಲ್ಲ. ಹಾಗಾಗಿ ಸಾವಿರಾರು ಹೆಸರುಗಳ ಪಟ್ಟಿಯನ್ನು ಅಕ್ಷರಮಾಲೆಯ ಕ್ರಮದಲ್ಲಿ ಅಚ್ಚು ಹಾಕಿಸಿ, ಊರೂರಿಗೆ ಕಳಿಸಿದರು. ಪಾದ್ರಿ ಮತ್ತು ಊರಿನ ಮುಖ್ಯಸ್ಥರ ಮುಂದೆ ಪ್ರತಿ ಮನೆಗೂ ಒಂದು ಹೆಸರು ಬಿತ್ತು. ಆಲ್ಬಾಯ್ ಪ್ರಾಂತ್ಯದ ಓವಾಸ್ ಅನ್ನುವ ಊರಿಗೆ ಸಿಕ್ಕಿದ್ದು 'ಆರ್' ಅಕ್ಷರದ ಹೆಸರುಗಳು. ಅಲ್ಲಿನ ಹಳೇ ಮನೆತನಗಳ ಹೆಸರು ಇವತ್ತಿಗೂ ಹೆಚ್ಚಾಗಿ ಆ ಅಕ್ಷರದಿಂದಲೇ ಶುರುವಾಗುತ್ತದೆ.

ಇನ್ನು ದಿನಾಂಕದ ವಿಷಯ. ಜೂನ್ 12 ಅಂದರೆ 1898ರ ಜೂನ್ 12. ಮನಿಲಾ ಹತ್ತಿರದ ಕಾವಿತ್ ಅನ್ನುವ ಊರಿನಲ್ಲಿ, ಕ್ರಾಂತಿಯ ನಾಯಕ ಎಮಿಲಿಯೊ ಅಗಿನಾಲ್ಡೊನ ಮನೆಯಲ್ಲಿ, ಸ್ಪೇನಿನಿಂದ ನಾವು ಸ್ವತಂತ್ರರು ಅಂತ ಘೋಷಣೆ ಓದಿದರು. ಬಾವುಟವನ್ನು ಹಾಂಗ್‌ಕಾಂಗಿನಲ್ಲಿ ಮಾರ್ಸೆಲಾ ಅಗೊನ್ಸಿಯೊ, ಆಕೆಯ ಪುಟ್ಟ ಮಗಳು ಮತ್ತು ಕಾದಂಬರಿಕಾರ ಹೋಸೆ ರಿಸಾಲ್‌ನ ಸೋದರಿಯ ಮಗಳು ಕೂತು ಹೊಲಿದಿದ್ದರು. ಹೂಲಿಯನ್ ಫೆಲಿಪೆ ಮಾಡಿದ ರಾಷ್ಟ್ರಗೀತೆಗೆ ಆಗ ಸ್ವರ ಮಾತ್ರ ಇತ್ತು, ಸಾಹಿತ್ಯ ಇರಲಿಲ್ಲ. ಬ್ಯಾಂಡಿನವರು ನುಡಿಸಿದರು, ಜನ ಕೇಳಿದರು.

ಆ ಘೋಷಣೆಯಲ್ಲೇ ಒಂದು ಸಾಲಿದೆ. ಬಲಶಾಲಿಯೂ ದಯಾವಂತವೂ ಆದ ಅಮೆರಿಕದ ರಕ್ಷಣೆಯಲ್ಲಿ ಈ ಸ್ವಾತಂತ್ರ್ಯ ಘೋಷಿಸುತ್ತಿದ್ದೇವೆ ಅನ್ನುವ ಅರ್ಥದ್ದು. ಅದನ್ನು ಓದಿದಾಗಲೆಲ್ಲ ನನಗೆ ಸಂಕಟವಾಗುತ್ತದೆ. ಆರು ತಿಂಗಳಿಗೆ, ಅಂದರೆ ಡಿಸೆಂಬರ್ 10ಕ್ಕೆ, ಪ್ಯಾರಿಸ್ಸಿನಲ್ಲಿ ಸ್ಪೇನ್ ಇಡೀ ದೇಶವನ್ನು 2 ಕೋಟಿ ಡಾಲರಿಗೆ ಅಮೆರಿಕಕ್ಕೆ ಬಿಟ್ಟುಕೊಟ್ಟಿತು. ಫಿಲಿಪೀನ್ಸ್ ಪರವಾಗಿ ಮಾತಾಡಲು ಹೋಗಿದ್ದ ಫೆಲಿಪೆ ಅಗೊನ್ಸಿಯೊ, ಆ ಬಾವುಟ ಹೊಲಿದ ಹೆಂಗಸಿನ ಗಂಡ, ಅವರನ್ನು ಮಾತುಕತೆಯ ಕೋಣೆಗೆ ಬಿಟ್ಟುಕೊಳ್ಳಲಿಲ್ಲ.

ಹಾಗಾಗಿ ನನ್ನ ಉತ್ತರ: ಸ್ವಾತಂತ್ರ್ಯ ಪಡೆದದ್ದು 1898ರಲ್ಲಿ, ಕಿತ್ತುಕೊಂಡದ್ದನ್ನು ಹಿಂದಿರುಗಿಸಿದ್ದು 1946ರಲ್ಲಿ.

ಹಳೇಕಾಗದ

ತುಂಗಾತೀರ ಅವರ ಮಾತಿಗೆ ಸ್ವಲ್ಪ ಹಿಂದಿನದ್ದು ಸೇರಿಸುತ್ತೇನೆ. ಫಿಲಿಪೀನ್ಸ್ ಇತಿಹಾಸ ಅಂದ ಕೂಡಲೇ 1521ರಲ್ಲಿ ಮೆಗಲನ್ ಬಂದ ಅಂತ ಶುರು ಮಾಡುತ್ತಾರೆ. ಅದಕ್ಕಿಂತ 600 ವರ್ಷ ಮೊದಲಿನ ಒಂದು ತಾಮ್ರ ಶಾಸನ ಅಲ್ಲಿ ಸಿಕ್ಕಿದೆ. ಲಗೂನಾ ಪ್ರಾಂತ್ಯದಲ್ಲಿ, 1989ರಲ್ಲಿ. ಅದರ ಕಾಲ ಶಕ ವರ್ಷ 822, ಅಂದರೆ ಕ್ರಿ.ಶ. 900. ನಮ್ಮ ಶಾಸನಗಳಲ್ಲಿ ಕಾಣುವ ಅದೇ ಶಕ ವರ್ಷ! ವೈಶಾಖ ಮಾಸ ಅಂತಲೂ ಇದೆ. ಭಾಷೆ ಹಳೇ ಮಲಯ, ನಡುನಡುವೆ ಬೇಕಾದಷ್ಟು ಸಂಸ್ಕೃತ. ಲಿಪಿ ಜಾವಾದ ಕವಿ ಲಿಪಿ. ಅದರಲ್ಲಿ ಯುದ್ಧದ ಮಾತಿಲ್ಲ, ರಾಜನ ಬಿರುದಿನ ಸಾಲಿಲ್ಲ. ನಾಮ್ವರನ್ ಅನ್ನುವವನ ಸಾಲ ತೀರಿತು, ಇನ್ನು ಅವನ ಮಕ್ಕಳನ್ನು ಯಾರೂ ಆ ಸಾಲಕ್ಕಾಗಿ ಹಿಡಿಯುವಂತಿಲ್ಲ ಅನ್ನುವ ಪತ್ರ ಅದು. ಚಿನ್ನದ ತೂಕವೂ ಬರೆದಿದೆ.

ಅಂದರೆ ಸ್ಪೇನಿನವರು ಬಂದಾಗ ಅಲ್ಲಿ ಖಾಲಿ ಕಾಡು ಇರಲಿಲ್ಲ. ಬರಹ, ವ್ಯಾಪಾರ, ಕಾನೂನು ಎಲ್ಲ ಇತ್ತು. ಇಲ್ಲದೇ ಇದ್ದದ್ದು ಇಡೀ ದ್ವೀಪಗಳಿಗೆ ಒಬ್ಬ ಅರಸ. 'ಬರಂಗಾಯ್' ಅನ್ನುವ ಸಣ್ಣ ಸಣ್ಣ ಊರುಗುಂಪುಗಳು, ಪ್ರತಿಯೊಂದಕ್ಕೂ ಒಬ್ಬ ದಾತು, ಅಂದರೆ ಮುಖ್ಯಸ್ಥ. ಮೆಗಲನ್ ಸೆಬು ದ್ವೀಪದ ರಾಜ ಹುಮಾಬೊನ್‌ನ ಸ್ನೇಹ ಮಾಡಿ, ಅವನ ಎದುರಾಳಿ ಲಾಪುಲಾಪುವನ್ನು ಬಗ್ಗಿಸಲು ಹೋದ. 1521ರ ಏಪ್ರಿಲ್ 27ರಂದು ಮಕ್ತಾನ್ ದ್ವೀಪದ ಕಡಲ ತೀರದಲ್ಲಿ ಸತ್ತ. ಆಳವಿಲ್ಲದ ನೀರಿನಲ್ಲಿ ಹಡಗು ಹತ್ತಿರ ಬರಲಾಗಲಿಲ್ಲ, ಫಿರಂಗಿ ಉಪಯೋಗಕ್ಕೆ ಬರಲಿಲ್ಲ. ಸ್ಪೇನ್ ನೆಲೆ ನಿಂತದ್ದು 1565ರಲ್ಲಿ ಲೆಗಾಸ್ಪಿ ಬಂದ ಮೇಲೆ. ಮನಿಲಾ ಅವರ ರಾಜಧಾನಿ ಆದದ್ದು 1571ರಲ್ಲಿ.

ಆಮೇಲೆ 250 ವರ್ಷ ಮನಿಲಾದಿಂದ ಮೆಕ್ಸಿಕೋದ ಅಕಾಪುಲ್ಕೊಗೆ ಗ್ಯಾಲಿಯನ್ ಹಡಗುಗಳು ಓಡಾಡಿದವು. ಚೀನಾದ ರೇಷ್ಮೆ, ಭಾರತದ ಹತ್ತಿ ಬಟ್ಟೆ ಆ ಕಡೆಗೆ, ಬೆಳ್ಳಿ ಈ ಕಡೆಗೆ. ಆ ಹಡಗು ಕಟ್ಟಲು ಮರ ಕಡಿದು ಎಳೆದವರು ಯಾರು ಗೊತ್ತಾ? 16ರಿಂದ 60 ವಯಸ್ಸಿನ ಗಂಡಸರು ವರ್ಷಕ್ಕೆ 40 ದಿನ ಕಡ್ಡಾಯವಾಗಿ ಬಿಟ್ಟಿ ದುಡಿಯಬೇಕಿತ್ತು. ದುಡ್ಡಿದ್ದವರು ಹಣ ಕಟ್ಟಿ ತಪ್ಪಿಸಿಕೊಳ್ಳುತ್ತಿದ್ದರು. ಬಿತ್ತನೆ ಕಾಲಕ್ಕೆ ಮನೆಯ ಗಂಡಸು ಕಾಡಿನಲ್ಲಿದ್ದರೆ ಆ ಮನೆಯ ಗದ್ದೆಯ ಗತಿ ಏನು, ಯೋಚನೆ ಮಾಡಿ.

ಶರಾವತಿ

ಭಾರತದ ಮಾತು ಬಂತಲ್ಲ, ಇನ್ನೊಂದು ಸಂಬಂಧವೂ ಇದೆ. 1762ರಲ್ಲಿ ಬ್ರಿಟಿಷರು ಮನಿಲಾ ಹಿಡಿದರು, ಆ ದಂಡು ಹೊರಟದ್ದು ಮದರಾಸಿನಿಂದ! ಈಸ್ಟ್ ಇಂಡಿಯಾ ಕಂಪನಿಯ ಸಿಪಾಯಿಗಳು ಅದರಲ್ಲಿದ್ದರು. ಅಕ್ಟೋಬರ್ ಹೊತ್ತಿಗೆ ಕೋಟೆ ಬಿತ್ತು. ಒಂದೂವರೆ ವರ್ಷ ಇಟ್ಟುಕೊಂಡು 1764ರಲ್ಲಿ ಬಿಟ್ಟು ಹೋದರು. ಆದರೆ ಸಿಪಾಯಿಗಳಲ್ಲಿ ಒಂದಷ್ಟು ಜನ ಪಡೆ ಬಿಟ್ಟು ಅಲ್ಲೇ ಉಳಿದರು. ಮನಿಲಾದ ಪೂರ್ವಕ್ಕಿರುವ ಕೈಂತಾ ಅನ್ನುವ ಊರಿನಲ್ಲಿ ಮದುವೆಯಾಗಿ ನೆಲೆ ನಿಂತರು. ಅವರ ವಂಶದವರು ಇಂದಿಗೂ ಅಲ್ಲಿದ್ದಾರೆ.

ಅದೇ ಹೊತ್ತಿಗೆ ಉತ್ತರದ ಇಲೋಕೋಸ್‌ನಲ್ಲಿ ಡಿಯೇಗೊ ಸಿಲಾಂಗ್ ಸ್ಪೇನಿನ ವಿರುದ್ಧ ದಂಗೆ ಎದ್ದ. 1763ರಲ್ಲಿ ಅವನನ್ನು ಮೋಸದಿಂದ ಕೊಲ್ಲಿಸಿದರು. ಹೆಂಡತಿ ಗೇಬ್ರಿಯೆಲಾ ದಂಡಿನ ಮುಂದಾಳು ಆದಳು. ಕೆಲವೇ ತಿಂಗಳಲ್ಲಿ ಸಿಕ್ಕಿಬಿದ್ದು ನೇಣಿಗೇರಿದಳು. ಕಿತ್ತೂರು ಚೆನ್ನಮ್ಮನ ಹೆಸರು ಕೇಳಿ ಬೆಳೆದ ನಮಗೆ ಗೇಬ್ರಿಯೆಲಾ ಯಾರು ಅಂತ ಬಿಡಿಸಿ ಹೇಳಬೇಕಾಗಿಲ್ಲ.

ನೇರನುಡಿ

ತುಂಗಾತೀರ ಅವರ ಕೊನೇ ಸಾಲು ಒಪ್ಪೋಕೆ ನನಗೆ ಕಷ್ಟ. ಅಮೆರಿಕ ಮಾಡಿದ ಒಳ್ಳೆಯದನ್ನೂ ಹೇಳಬೇಕಲ್ವಾ? 1901ರ ಆಗಸ್ಟಿನಲ್ಲಿ ಥಾಮಸ್ ಅನ್ನುವ ಹಡಗಿನಲ್ಲಿ ಸುಮಾರು 500 ಮೇಷ್ಟ್ರುಗಳು ಬಂದಿಳಿದರು. ಊರೂರಿಗೆ ಸರ್ಕಾರಿ ಶಾಲೆ ಬಂತು. ಸ್ಪೇನಿನವರು ಮುನ್ನೂರು ವರ್ಷ ಇದ್ದರೂ ಜನಸಾಮಾನ್ಯರಿಗೆ ಸ್ಪ್ಯಾನಿಷ್ ಕಲಿಸಲಿಲ್ಲ. ಇವತ್ತು ಫಿಲಿಪೀನ್ಸ್‌ನ ನರ್ಸುಗಳು, ನಾವಿಕರು ಪ್ರಪಂಚದ ಎಲ್ಲ ಕಡೆ ಕೆಲಸ ಮಾಡುತ್ತಿದ್ದಾರೆ ಅಂದರೆ ಆ ಶಾಲೆಗಳ ಪಾಲೂ ಇದೆ. 1907ಕ್ಕೇ ಅಲ್ಲಿ ಚುನಾಯಿತ ಸಭೆ ಇತ್ತು. 1934ರಲ್ಲಿ ಕಾನೂನು ಮಾಡಿ, ಹತ್ತು ವರ್ಷದ ತಯಾರಿ ಆದ ಮೇಲೆ ಬಿಟ್ಟುಕೊಡುತ್ತೇವೆ ಅಂದರು, ನಡುವೆ ಮಹಾಯುದ್ಧ ಬಂದರೂ ಮಾತಿನಂತೆ ಬಿಟ್ಟುಕೊಟ್ಟರು. ಬ್ರಿಟಿಷರು ನಮಗೆ ಅಂಥ ತಾರೀಕು ಕೊಟ್ಟಿದ್ದರಾ?

ತುಂಗಾತೀರ

ನೇರನುಡಿ ಅವರೇ, ಶಾಲೆಗಳ ಮಾತು ನಿಜ. ಆದರೆ ಆ ಮೇಷ್ಟ್ರುಗಳು ಬಂದಿಳಿದಾಗ ಹಳ್ಳಿಗಳಲ್ಲಿ ಏನು ನಡೆಯುತ್ತಿತ್ತು ಅನ್ನೋದನ್ನು ಪಕ್ಕದಲ್ಲೇ ಇಟ್ಟು ನೋಡಬೇಕು.

1898ರ ಆಗಸ್ಟಿಗೆ ಬನ್ನಿ. ಮನಿಲಾ ಕೋಟೆಯನ್ನು ಸುತ್ತುವರಿದಿದ್ದವರು ಫಿಲಿಪೀನ್ಸ್‌ನ ಸೈನಿಕರು. ಒಳಗೆ ಸ್ಪೇನಿನವರು. ಇವರ ಕೈಗೆ ಶರಣಾಗುವುದು ಅವರಿಗೆ ಅವಮಾನ. ಬೆಲ್ಜಿಯಂನ ಕಾನ್ಸಲ್ ಮೂಲಕ ಅಮೆರಿಕದವರ ಜೊತೆ ಗುಟ್ಟಾಗಿ ಮಾತಾಯಿತು. ಆಗಸ್ಟ್ 13ರಂದು ತೋರಿಕೆಗೆ ಒಂದು ಕದನ ಮಾಡಿ, ಕೋಟೆಯನ್ನು ಅಮೆರಿಕದವರಿಗೆ ಒಪ್ಪಿಸಿದರು. ಫಿಲಿಪೀನ್ಸ್‌ನ ಸೈನಿಕರನ್ನು ಗೋಡೆಯ ಹೊರಗೇ ತಡೆದು ನಿಲ್ಲಿಸಿದರು. ತಮ್ಮದೇ ರಾಜಧಾನಿಯ ಹೊರಗೆ. ಸ್ಪೇನ್ ಮತ್ತು ಅಮೆರಿಕ ಹಿಂದಿನ ದಿನವೇ ವಾಷಿಂಗ್ಟನ್ನಿನಲ್ಲಿ ಕದನ ವಿರಾಮಕ್ಕೆ ಸಹಿ ಹಾಕಿದ್ದವು. ಸಮುದ್ರದ ತಂತಿ ಕಡಿದಿದ್ದರಿಂದ ಸುದ್ದಿ ತಲುಪಿರಲಿಲ್ಲ.

1899ರ ಜನವರಿಯಲ್ಲಿ ಮಲೋಲೋಸ್‌ನಲ್ಲಿ ಸಂವಿಧಾನ, ಗಣರಾಜ್ಯ ಎಲ್ಲ ಆಯಿತು. ಫೆಬ್ರವರಿ 4ರ ರಾತ್ರಿ ಅಮೆರಿಕದ ಕಾವಲುಗಾರ ಹಾರಿಸಿದ ಗುಂಡಿನಿಂದ ಯುದ್ಧ ಶುರು. ಎರಡು ದಿನಕ್ಕೆ ಅಮೆರಿಕದ ಸೆನೆಟ್ ಪ್ಯಾರಿಸ್ ಒಪ್ಪಂದಕ್ಕೆ 57-27 ಮತಗಳಿಂದ ಒಪ್ಪಿಗೆ ಕೊಟ್ಟಿತು. ಮೂರನೇ ಎರಡು ಬಹುಮತಕ್ಕಿಂತ ಒಂದೇ ಒಂದು ಮತ ಜಾಸ್ತಿ.

ಮುಂದಿನ ಮೂರು ವರ್ಷದಲ್ಲಿ ಅಮೆರಿಕದ ಸುಮಾರು 4,200 ಸೈನಿಕರು, ಫಿಲಿಪೀನ್ಸ್‌ನ ಸುಮಾರು 20,000 ಹೋರಾಟಗಾರರು ಸತ್ತರು. ಹಿಂಸೆ, ಹಸಿವು, ಕಾಲರಾದಿಂದ ಸತ್ತ ಜನಸಾಮಾನ್ಯರು 2 ಲಕ್ಷದವರೆಗೆ ಅಂತ ಅಮೆರಿಕದ ಸರ್ಕಾರಿ ಇತಿಹಾಸವೇ ಹೇಳುತ್ತದೆ. ಬಟಾಂಗಾಸ್‌ನಲ್ಲಿ ಹಳ್ಳಿಯವರನ್ನೆಲ್ಲ ಎಬ್ಬಿಸಿ ಗಡಿ ಹಾಕಿದ ಜಾಗಕ್ಕೆ ತುಂಬಿದರು. ಅದರ ಹೊರಗೆ ಸಿಕ್ಕವರನ್ನು ಶತ್ರು ಅಂತಲೇ ಎಣಿಸಿದರು.

ಸಮಾರ್ ದ್ವೀಪದ ಬಲಂಗೀಗಾದ ಕಥೆಯನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ. 1901ರ ಸೆಪ್ಟೆಂಬರ್ 28ರ ಬೆಳಗ್ಗೆ ಅಮೆರಿಕದ ಸೈನಿಕರು ತಿಂಡಿಗೆ ಕೂತಿದ್ದಾಗ ಊರಿನವರು ಮಚ್ಚು ಹಿಡಿದು ಮೇಲೆ ಬಿದ್ದರು. 48 ಸೈನಿಕರು ಸತ್ತರು. ಅದಕ್ಕೆ ಪ್ರತಿಯಾಗಿ ಜನರಲ್ ಜೇಕಬ್ ಸ್ಮಿತ್ ಕೊಟ್ಟ ಅಪ್ಪಣೆ, ಹತ್ತು ವರ್ಷ ದಾಟಿದ, ಆಯುಧ ಹಿಡಿಯಬಲ್ಲ ಯಾರನ್ನೂ ಬಿಡಬೇಡಿ ಅಂತ. ಇದು ಅವರದೇ ಮಿಲಿಟರಿ ವಿಚಾರಣೆಯಲ್ಲಿ ಹೊರಬಂದ ಸಂಗತಿ. ಅವನಿಗೆ ಆದ ಶಿಕ್ಷೆ ನಿವೃತ್ತಿ, ಅಷ್ಟೇ. ಊರಿನ ಚರ್ಚಿನ ಮೂರು ಗಂಟೆಗಳನ್ನು ಸೈನಿಕರು ಗೆದ್ದ ಗುರುತು ಅಂತ ಹೊತ್ತೊಯ್ದರು. ಎರಡು ವಯೋಮಿಂಗ್‌ನ ಸೇನಾ ನೆಲೆಗೆ ಹೋದವು, ಒಂದು ಕೊನೆಗೆ ದಕ್ಷಿಣ ಕೊರಿಯಾದಲ್ಲಿತ್ತು. ಊರಿನವರು ದಶಕಗಟ್ಟಲೆ ಕೇಳಿದರು. 2018ರ ಡಿಸೆಂಬರಿನಲ್ಲಿ ಮೂರೂ ಗಂಟೆ ಬಲಂಗೀಗಾಕ್ಕೆ ವಾಪಸ್ ಬಂದವು. ತೆಗೆದುಕೊಂಡು ಹೋಗಿ 117 ವರ್ಷ ಆಗಿತ್ತು.

ಶಾಲೆ ಕಟ್ಟಿದ್ದು, ಊರು ಸುಟ್ಟಿದ್ದು ಎರಡೂ ಒಂದೇ ಆಡಳಿತ, ಒಂದೇ ವರ್ಷ. ಶಾಲೆಯ ಪಾಠದಲ್ಲಿ ಆ ಯುದ್ಧ ಬರಲೇ ಇಲ್ಲ ಅನ್ನುವಷ್ಟು ಕಮ್ಮಿ. ನನಗೆ ನೋವಾಗುವುದು ಅದಕ್ಕೆ.

ಓದುಗ_ಧಾರವಾಡ

ಒಂದು ಸಂದೇಹ. ಎಲ್ಲ ಕಡೆ ರಿಸಾಲ್ ಹೆಸರು ಕೇಳುತ್ತೇವೆ. ಬೋನಿಫಾಸಿಯೊ ಅನ್ನುವವನೂ ದೊಡ್ಡ ನಾಯಕ ಅಂತಾರೆ. ಅವನನ್ನು ಸ್ವಂತ ಜನರೇ ಕೊಂದರು ಅಂತ ಎಲ್ಲೋ ಓದಿದ್ದೆ. ನಿಜಾನಾ?

ಹಳೇಕಾಗದ

ನಿಜ ಸರ್.

ಹೋಸೆ ರಿಸಾಲ್ ಕಣ್ಣಿನ ವೈದ್ಯ, ಕಾದಂಬರಿಕಾರ. ಉಳ್ಳವರ ಮನೆಯ ಹುಡುಗ. 1872ರಲ್ಲಿ ಗೋಮೆಸ್, ಬುರ್ಗೋಸ್, ಸಮೋರಾ ಅನ್ನುವ ಮೂವರು ಪಾದ್ರಿಗಳನ್ನು, ಸ್ಥಳೀಯರಿಗೂ ಚರ್ಚಿನಲ್ಲಿ ಸಮಾನ ಸ್ಥಾನ ಬೇಕು ಅಂತ ಕೇಳಿದವರನ್ನು, ಸುಳ್ಳು ಆರೋಪ ಹೊರಿಸಿ ಕೊಂದರು. ಆಗ ರಿಸಾಲ್‌ಗೆ ಹತ್ತು ವರ್ಷ. ತನ್ನ ಎರಡನೇ ಕಾದಂಬರಿಯನ್ನು ಅವನು ಅರ್ಪಿಸಿದ್ದು ಆ ಮೂವರಿಗೇ. ಅವನು ಕೇಳಿದ್ದು ಸುಧಾರಣೆ, ಬಂದೂಕು ಅಲ್ಲ. ಆದರೂ 1896ರ ಡಿಸೆಂಬರ್ 30ರಂದು ಅವನನ್ನು ಗುಂಡಿಟ್ಟು ಕೊಂದರು. ಆಗ ಅವನಿಗೆ 35. ಎದೆ ಕೊಟ್ಟು ನಿಲ್ಲುತ್ತೇನೆ ಅಂದ, ಬಿಡಲಿಲ್ಲ, ದ್ರೋಹಿ ಅಂತ ಬೆನ್ನು ತಿರುಗಿಸಿ ನಿಲ್ಲಿಸಿದರು. ಗುಂಡು ಬಿದ್ದ ಕ್ಷಣದಲ್ಲಿ ಮೈ ತಿರುಗಿಸಿ ಆಕಾಶ ನೋಡುತ್ತಾ ಬಿದ್ದ. ಗುಂಡು ಹಾರಿಸಿದವರು ಸ್ಪೇನ್ ಸೇನೆಯಲ್ಲಿದ್ದ ಅವನದೇ ನಾಡಿನ ಸಿಪಾಯಿಗಳು. ಅವರ ಹಿಂದೆ ಸ್ಪೇನಿನ ಸಿಪಾಯಿಗಳು ಬಂದೂಕು ಹಿಡಿದು ನಿಂತಿದ್ದರು. ಹಿಂದಿನ ದಿನ ನೋಡಲು ಬಂದ ತಂಗಿಗೆ ಒಂದು ಸಣ್ಣ ಸ್ಪಿರಿಟ್ ಸ್ಟವ್ ಕೊಟ್ಟು, ಕಾವಲುಗಾರರಿಗೆ ತಿಳಿಯದ ಹಾಗೆ ಇಂಗ್ಲಿಷಿನಲ್ಲಿ, ಒಳಗೆ ಏನೋ ಇದೆ ಅಂದಿದ್ದ. ಅವನ ಕೊನೆಯ ಕವಿತೆ ಉಳಿದದ್ದು ಹಾಗೆ.

ಆಂದ್ರೇಸ್ ಬೋನಿಫಾಸಿಯೊ ಬೇರೆ ಲೋಕದವನು. ಮನಿಲಾದ ತೊಂದೋ ಪೇಟೆಯ ಬಡವರ ಹುಡುಗ. ಬೆತ್ತ, ಕಾಗದದ ಬೀಸಣಿಗೆ ಮಾರಿದವನು, ಆಮೇಲೆ ಗೋದಾಮಿನಲ್ಲಿ ಕೆಲಸ ಮಾಡಿದವನು. 1892ರ ಜುಲೈಯಲ್ಲಿ ಕಟಿಪುನಾನ್ ಅನ್ನುವ ಗುಪ್ತ ಸಂಘ ಕಟ್ಟಿದ. 1896ರ ಆಗಸ್ಟಿನಲ್ಲಿ ಸಂಘದ ಗುಟ್ಟು ಬಯಲಾಯಿತು, ಕ್ರಾಂತಿ ಶುರುವಾಯಿತು. ಆದರೆ ಕಾವೀತೆ ಪ್ರಾಂತ್ಯದಲ್ಲಿ ಯುದ್ಧ ಗೆಲ್ಲುತ್ತಿದ್ದವನು ಅಗಿನಾಲ್ಡೊ. 1897ರ ಮಾರ್ಚ್ 22ರಂದು ತೆಹೇರೋಸ್‌ನಲ್ಲಿ ಸಭೆ ಸೇರಿತು. ಅಗಿನಾಲ್ಡೊ ಅಧ್ಯಕ್ಷನಾಗಿ ಆಯ್ಕೆಯಾದ. ಬೋನಿಫಾಸಿಯೊಗೆ ಸಿಕ್ಕಿದ್ದು ಒಳಾಡಳಿತ. ಅಷ್ಟರಲ್ಲಿ ಒಬ್ಬ ಎದ್ದು, ಈ ಹುದ್ದೆಗೆ ವಕೀಲಿ ಓದಿದವರು ಬೇಕು ಅಂದ. ಬೋನಿಫಾಸಿಯೊ ಪಿಸ್ತೂಲು ತೆಗೆದ. ಸಭೆ ಮುರಿಯಿತು. ಆಮೇಲೆ ಅವನನ್ನು ಹಿಡಿದು, ದೇಶದ್ರೋಹದ ವಿಚಾರಣೆ ಮಾಡಿ, ಮೇ 10ರಂದು ತಮ್ಮ ಪ್ರೊಕೋಪಿಯೊ ಜೊತೆಗೇ ಬೆಟ್ಟದಲ್ಲಿ ಕೊಂದರು.

ಆ ಗಾಯ ಅವರ ರಾಜಕೀಯದಲ್ಲಿ ಇನ್ನೂ ಇದೆ ಅನ್ನೋದು ನನ್ನ ಅನಿಸಿಕೆ. ಓದಿದ ಭೂಮಾಲೀಕರು ಮುಂದೆ ಅಮೆರಿಕದ ಜೊತೆ ಬೇಗ ಹೊಂದಿಕೊಂಡರು, ಜಮೀನು ಉಳಿಸಿಕೊಂಡರು. ಗೇಣಿದಾರರಿಗೆ ಸ್ವಾತಂತ್ರ್ಯದ ಫಲ ಮುಟ್ಟಿದ್ದು ಕಮ್ಮಿ.

ದಾವಾವೊದಿಂದ

ನಾನು ಇಲ್ಲಿ ಎಂಬಿಬಿಎಸ್ ಓದುತ್ತಿದ್ದೇನೆ, ದಾವಾವೊ ಊರಿನಲ್ಲಿ. ಕರ್ನಾಟಕದ ಹುಡುಗರು ಬೇಕಾದಷ್ಟು ಇದ್ದಾರೆ. ಮೇಲಿನ ಚರ್ಚೆಯಲ್ಲಿ ಎಲ್ಲರೂ ಮನಿಲಾ ಸುತ್ತಲಿನ ಕಥೆಯನ್ನೇ ಹೇಳುತ್ತಿದ್ದೀರಿ. ದಕ್ಷಿಣದ ಮಿಂದನಾವೊ, ಸುಲು ಕಥೆ ಬೇರೆ.

ಇಲ್ಲಿ ಸ್ಪೇನಿಗಿಂತ ಮೊದಲೇ ಸುಲ್ತಾನರಿದ್ದರು. ಸ್ಪೇನ್ 1635ರಲ್ಲಿ ಸಂಬೊವಾಂಗಾದಲ್ಲಿ ಕೋಟೆ ಕಟ್ಟಿತು, ಆದರೂ ಮುಸ್ಲಿಂ ಮೋರೋಗಳ ನಾಡು ಪೂರ್ತಿ ಕೈಗೆ ಬರಲೇ ಇಲ್ಲ. ಹಾಗಿದ್ದರೂ 1898ರಲ್ಲಿ ಆ ನಾಡನ್ನೂ ಸೇರಿಸಿ ಮಾರಿಬಿಟ್ಟರು. ಅಮೆರಿಕ 1899ರಲ್ಲಿ ಸುಲು ಸುಲ್ತಾನರ ಜೊತೆ ಒಪ್ಪಂದ ಮಾಡಿಕೊಂಡು, ಉತ್ತರದ ಯುದ್ಧ ಮುಗಿದ ಮೇಲೆ 1904ರಲ್ಲಿ ಅದನ್ನು ರದ್ದು ಮಾಡಿತು. 1906ರ ಮಾರ್ಚಿನಲ್ಲಿ ಬುಡ್ ದಾಹೊ ಅನ್ನುವ ಜ್ವಾಲಾಮುಖಿಯ ಬಾಯಿಯೊಳಗೆ ಆಶ್ರಯ ಪಡೆದಿದ್ದ ನೂರಾರು ಮೋರೋಗಳನ್ನು ಕೊಂದರು, ಹೆಂಗಸರು, ಮಕ್ಕಳು ಸೇರಿ. ಹೆಣಗಳ ರಾಶಿಯ ಮೇಲೆ ಸೈನಿಕರು ನಿಂತ ಫೋಟೋ ಈಗಲೂ ಇದೆ.

1935ರಲ್ಲಿ ಲಾನಾವೊದ ದಾತುಗಳು ಅಮೆರಿಕದ ಅಧ್ಯಕ್ಷರಿಗೆ ಪತ್ರ ಬರೆದು, ನಮ್ಮನ್ನು ಹೊಸ ಫಿಲಿಪೀನ್ಸ್‌ಗೆ ಸೇರಿಸಬೇಡಿ ಅಂತ ಕೇಳಿಕೊಂಡರು. ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಉತ್ತರದಿಂದ ಜನರನ್ನು ತಂದು ಇಲ್ಲಿ ಜಮೀನು ಕೊಟ್ಟರು. ಮೂಲದವರು ತಮ್ಮ ನೆಲದಲ್ಲೇ ಅಲ್ಪಸಂಖ್ಯಾತರಾದರು. 1970ರ ದಶಕದ ಬಂಡಾಯ, 2014ರ ಶಾಂತಿ ಒಪ್ಪಂದ, 2019ರಲ್ಲಿ ಬಂದ ಬಾಂಗ್ಸಮೋರೋ ಸ್ವಾಯತ್ತ ಪ್ರದೇಶ, ಎಲ್ಲಕ್ಕೂ ಬೇರು ಅಲ್ಲೇ ಇದೆ. ಜೂನ್ 12 ಇಲ್ಲಿ ಎಲ್ಲರ ಎದೆಯಲ್ಲೂ ಒಂದೇ ಥರ ಬಡಿಯುವುದಿಲ್ಲ.

ನೇರನುಡಿ

ದಾವಾವೊದ ತಮ್ಮಾ, ಬಹಳ ಒಳ್ಳೆಯ ಮಾಹಿತಿ. ಚೆನ್ನಾಗಿ ಓದು.

ತುಂಗಾತೀರ ಅವರೇ, ಬಲಂಗೀಗಾ ವಿಷಯ ಓದಿ ಮನಸ್ಸು ಭಾರವಾಯಿತು. ಆದರೂ ಜಪಾನ್ ಬಂದಾಗ ಲಕ್ಷಾಂತರ ಜನ ಅಮೆರಿಕದ ಜೊತೆ ನಿಂತು ಹೋರಾಡಿದರಲ್ಲ? ಅದು ಬರೀ ಭಯದಿಂದ ಆಗುವ ಕೆಲಸವಲ್ಲ.

ತುಂಗಾತೀರ

ಖಂಡಿತ ಭಯದಿಂದಲ್ಲ. ಸ್ವಂತ ನೆಲ ಉಳಿಸಿಕೊಳ್ಳೋಕೆ, ಮಾತು ಕೊಟ್ಟ ಸ್ವಾತಂತ್ರ್ಯ ಉಳಿಸಿಕೊಳ್ಳೋಕೆ ಹೋರಾಡಿದರು. 1942ರ ಏಪ್ರಿಲ್ 9ಕ್ಕೆ ಬತಾನ್ ಪರ್ಯಾಯ ದ್ವೀಪ ಶತ್ರುವಿನ ಕೈಗೆ ಬಿದ್ದಾಗ ಜಪಾನೀಯರು ಬಿಸಿಲಿನಲ್ಲಿ ನಡೆಸಿಕೊಂಡು ಹೋದ ಕೈದಿಗಳಲ್ಲಿ ಬಹುಪಾಲು ಫಿಲಿಪೀನ್ಸ್‌ನವರೇ. 1945ರಲ್ಲಿ ಮನಿಲಾದಲ್ಲಿ ಒಂದು ತಿಂಗಳು ನಡೆದ ಕಾಳಗದಲ್ಲಿ ಸುಮಾರು 1 ಲಕ್ಷ ಜನಸಾಮಾನ್ಯರು ಸತ್ತರು. ಜಪಾನೀಯರ ಕಗ್ಗೊಲೆ ಒಂದು ಕಡೆ, ಅಮೆರಿಕದ ಫಿರಂಗಿ ಇನ್ನೊಂದು ಕಡೆ.

ಆ ಸೈನಿಕರಿಗೆ ಸಿಕ್ಕಿದ್ದೇನು? ಅಮೆರಿಕದ ಬಾವುಟದ ಕೆಳಗೆ ಹೋರಾಡಿದ 2.5 ಲಕ್ಷಕ್ಕೂ ಹೆಚ್ಚು ಜನಕ್ಕೆ, 1946ರ ಫೆಬ್ರವರಿಯಲ್ಲಿ ಅಮೆರಿಕದ ಕಾಂಗ್ರೆಸ್ ಕಾನೂನು ಮಾಡಿ, ಮಾಜಿ ಸೈನಿಕರಿಗೆ ಸಿಗಬೇಕಾದ ಹೆಚ್ಚಿನ ಸೌಲಭ್ಯಗಳನ್ನೆಲ್ಲ ಕಿತ್ತುಹಾಕಿತು. 2009ರಲ್ಲಿ, ಬದುಕಿದ್ದವರಿಗೆ ಒಂದೇ ಸಲದ ಮೊತ್ತ ಅಂತ ಕೊಟ್ಟರು: ಅಮೆರಿಕದ ಪೌರರಾದವರಿಗೆ 15,000 ಡಾಲರ್, ಉಳಿದವರಿಗೆ 9,000. ಅಷ್ಟು ಹೊತ್ತಿಗೆ ಬಹುಪಾಲು ಜನ ತೀರಿಕೊಂಡಿದ್ದರು.

1946ರ ಸ್ವಾತಂತ್ರ್ಯದ ಜೊತೆಗೂ ಷರತ್ತುಗಳಿದ್ದವು. ಅಮೆರಿಕದವರಿಗೆ ಗಣಿ, ಕಾಡು, ಭೂಮಿಯ ಸಂಪತ್ತಿನಲ್ಲಿ ಸ್ಥಳೀಯರಷ್ಟೇ ಹಕ್ಕು ಕೊಡಬೇಕು, ಅದಕ್ಕೆ ಸಂವಿಧಾನವನ್ನೇ ತಿದ್ದಬೇಕು. ಒಪ್ಪದಿದ್ದರೆ ಯುದ್ಧದ ನಷ್ಟಕ್ಕೆ 500 ಡಾಲರಿಗಿಂತ ಹೆಚ್ಚಿನ ಪರಿಹಾರ ಸಿಗದು. ಮನಿಲಾ ಸುಟ್ಟು ನಿಂತಿದ್ದ ಹೊತ್ತಿನಲ್ಲಿ ಬೇಡ ಅನ್ನೋಕೆ ಆಗುತ್ತಾ? ಮರುವರ್ಷ ಸೇನಾ ನೆಲೆಗಳನ್ನು 99 ವರ್ಷಕ್ಕೆ ಬರೆಸಿಕೊಂಡರು.

ಕಡಲೂರು

ಎಲ್ಲರಿಗೂ ಧನ್ಯವಾದ. ಇಷ್ಟೆಲ್ಲ ಇದೆ ಅಂತ ಅಂದುಕೊಂಡೇ ಇರಲಿಲ್ಲ. ಒಂದು ಉಳಿಯಿತು. 1946ರಿಂದ ಅವರು ಜುಲೈ 4ನ್ನೇ ಆಚರಿಸುತ್ತಿದ್ದರು ಅಲ್ವಾ? ಜೂನ್ 12ಕ್ಕೆ ಬದಲಾಯಿಸಿದ್ದು ಯಾವಾಗ, ಯಾಕೆ?

ತುಂಗಾತೀರ

1962ರಲ್ಲಿ. ಯುದ್ಧದ ನಷ್ಟಕ್ಕೆ ಕೊಡಬೇಕಿದ್ದ 7.3 ಕೋಟಿ ಡಾಲರಿನ ಮಸೂದೆಯನ್ನು ಆ ವರ್ಷದ ಮೇ ತಿಂಗಳಲ್ಲಿ ಅಮೆರಿಕದ ಕೆಳಮನೆ ತಳ್ಳಿಹಾಕಿತು. ಜನ ಸಿಟ್ಟಾದರು. ಅಧ್ಯಕ್ಷ ಡಿಯೋಸ್ದಾದೊ ಮಕಪಗಾಲ್ ತಮ್ಮ ಅಮೆರಿಕ ಪ್ರವಾಸ ಬಿಟ್ಟರು. ಮೇ 12ಕ್ಕೆ ಆಜ್ಞೆ ಹೊರಡಿಸಿ, ಇನ್ನು ಮುಂದೆ ನಮ್ಮ ಸ್ವಾತಂತ್ರ್ಯ ದಿನ ಜೂನ್ 12 ಅಂದರು. 1964ರಲ್ಲಿ ಅದು ಕಾನೂನಾಯಿತು. ಮೊದಲ ಸಲ ಆ ದಿನ ಆಚರಿಸಿದಾಗ ಅಗಿನಾಲ್ಡೊ ಬದುಕಿದ್ದರು. ಆಗ ಅವರಿಗೆ 93 ವರ್ಷ.

ನೆಲೆಗಳ ಕಥೆ ಮುಗಿಯಲು ಇನ್ನೂ ಕಾಲ ಹಿಡಿಯಿತು. 99 ವರ್ಷದ ಗಡುವನ್ನು ಮಾತುಕತೆ ಮಾಡಿ ಮೊದಲೇ ಕಡಿಮೆ ಮಾಡಿಸಿಕೊಂಡಿದ್ದರು. 1991ರ ಸೆಪ್ಟೆಂಬರ್ 16ರಂದು ಅದನ್ನು ಮುಂದುವರಿಸುವ ಒಪ್ಪಂದ ಫಿಲಿಪೀನ್ಸ್ ಸೆನೆಟ್ಟಿನ ಮುಂದೆ ಬಂತು. ಬೇಡ ಅಂದವರು 12, ಬೇಕು ಅಂದವರು 11. ಮರುವರ್ಷ ನವೆಂಬರಿನಲ್ಲಿ ಅಮೆರಿಕದ ನೌಕಾಪಡೆ ಸೂಬಿಕ್ ನೆಲೆ ಬಿಟ್ಟು ಹೊರಟಿತು.